ಹಿತ್ತಲ ಮದುವೆಗೆ ಪಾರುಪತ್ಯಗಾರರು ಬೇಕಾಗಿದ್ದಾರೆ

ಮನೆ ಕಟ್ಟಿ ನೋಡು, ಮದುವೆ ಮಾಡಿ ನೋಡು ಎಂದು ಗಾದೆ ಕಟ್ಟಿದ ಹಿರಿಯರು ಎರಡು ಕಷ್ಟಗಳನ್ನೂ ಒಂದೇ ತಕ್ಕಡಿಯಲ್ಲಿ ತೂಗಿದರು. ಆದರೆ ಮನೆ ಕಟ್ಟುವವರಿಗೆ ಒಂದು ಅನುಕೂಲವಿದೆ. ಅವರಿಗೆ ಮೇಸ್ತ್ರಿ ಸಿಗುತ್ತಾನೆ. ಎಷ್ಟು ಇಟ್ಟಿಗೆ ಬೇಕು, ಎಷ್ಟು ಮೂಟೆ ಸಿಮೆಂಟು ತರಿಸಬೇಕು, ತಾರಸಿ ಹಾಕಿದ ಮೇಲೆ ಎಷ್ಟು ದಿನ ನೀರು ಕಟ್ಟಬೇಕು ಎಂದು ಹೇಳುವ, ತನ್ನ ಕೂಲಿ ಇಷ್ಟು ಎಂದು ಬಾಯಿಬಿಟ್ಟು ಕೇಳುವ ಒಬ್ಬ ಮನುಷ್ಯ. ಮದುವೆ ಮಾಡುವವರಿಗೆ ಅಂಥವರು ಇಲ್ಲ. ಅದರಲ್ಲೂ, ನಮಗೆ ಕಲ್ಯಾಣ ಮಂಟಪ ಬೇಡ, ಮನೆಯ ಹಿತ್ತಲಲ್ಲೇ ಚಪ್ಪರ ಹಾಕಿ ಮುನ್ನೂರು ಎಲೆ ಹಾಕುತ್ತೇವೆ ಎನ್ನುವವರು ಊರೆಲ್ಲ ಅಲೆದರೂ ತಮ್ಮ ಶಕ್ತಿಗೆ ಎಟುಕುವ ಕೂಲಿಗೆ ಪಾರುಪತ್ಯ ವಹಿಸುವವರು ಸಿಗುವುದಿಲ್ಲ. ವೆಡ್ಡಿಂಗ್ ಪ್ಲಾನರ್ ಎಂಬ ಹೆಸರಿನವರು ಸಿಗುತ್ತಾರೆ, ನಿಜ. ಅವರು ನಮ್ಮ ಮದುವೆಗಿಂತ ಹೆಚ್ಚಾಗಿ ನಮ್ಮ ಖರ್ಚನ್ನು ಯೋಜಿಸುತ್ತಾರೆ ಎಂಬುದು ನನ್ನ ದೂರು. ಆ ದೂರನ್ನು ಇಲ್ಲಿ ಸ್ವಲ್ಪ ವಿವರವಾಗಿಯೇ ದಾಖಲಿಸುತ್ತೇನೆ.

ನಾನು ತುಮಕೂರು ಜಿಲ್ಲೆಯ ಒಂದು ಸರ್ಕಾರಿ ಪ್ರೌಢಶಾಲೆಯಲ್ಲಿ ಸಮಾಜ ವಿಜ್ಞಾನ ಪಾಠ ಮಾಡುವವಳು. ನಮ್ಮದು ತೆಂಗಿನ ಸೀಮೆ. ನಾವು ಚಿಕ್ಕವರಿದ್ದಾಗ ಮದುವೆಯೆಂದರೆ ಮನೆಯ ಮುಂದಿನ ಅಂಗಳ, ಇಲ್ಲವೇ ಹಿತ್ತಲು. ಅಡಿಕೆ ಮರದ ಕಂಬ ನೆಟ್ಟು, ಮೇಲೆ ತೆಂಗಿನ ಗರಿ ಹೊದಿಸಿದರೆ ಚಪ್ಪರವಾಯಿತು. ಬಾಗಿಲಿಗೆ ಬಾಳೆಕಂದು, ಮಾವಿನ ಸೊಪ್ಪು. ಪಾತ್ರೆಗಳು ನಾಲ್ಕು ಮನೆಯಿಂದ ಬರುತ್ತಿದ್ದವು. ಯಾರ ಕೊಳಗ ಎಂದು ಗುರುತಿಗೆ ಕಂಠದ ಮೇಲೆ ಹೆಸರು ಕೊರೆದಿರುತ್ತಿತ್ತು. 1996ರಲ್ಲಿ ನನ್ನ ಮದುವೆಯೂ ಹೀಗೆಯೇ ಆಯಿತು. ಆಮೇಲಾಮೇಲೆ ತಾಲ್ಲೂಕು ಕೇಂದ್ರದಲ್ಲಿ ಒಂದಾದ ಮೇಲೊಂದು ಕಲ್ಯಾಣ ಮಂಟಪ ಎದ್ದವು. ಅಲ್ಲಿ ನಲ್ಲಿ ಇತ್ತು, ಪಾಯಿಖಾನೆ ಇತ್ತು, ಬೀಗರು ಮಲಗಲು ಕೋಣೆಗಳಿದ್ದವು. ಜನ ಅತ್ತ ಹೋದದ್ದರಲ್ಲಿ ತಪ್ಪೇನೂ ಇಲ್ಲ. ಆದರೆ ಅನುಕೂಲವೆಂದು ಹೊಕ್ಕ ಜಾಗ ಈಗ ಕಟ್ಟಳೆಯಾಗಿ ನಿಂತಿದೆ. ಎಷ್ಟೋ ಮಂಟಪಗಳಲ್ಲಿ ಅಡುಗೆಯವರು ಅವರು ಹೇಳಿದವರೇ, ಹೂವಿನವರು ಅವರು ಹೇಳಿದವರೇ, ಜನರೇಟರಿನ ಡೀಸೆಲ್ಲು ಬೇರೆ, ಕಸ ಎತ್ತುವ ದುಡ್ಡು ಬೇರೆ. ಬಾಡಿಗೆಯನ್ನು ಒಂದೂವರೆ ದಿನಕ್ಕೆ ಕಟ್ಟಿ, ಮರುದಿನ ಮಧ್ಯಾಹ್ನ ಮೂರು ಗಂಟೆಗೆ ಮದುಮಗಳು ಇನ್ನೂ ಅಳುತ್ತಿರುವಾಗಲೇ ಮುಂದಿನ ಮದುವೆಯವರ ಸಾಮಾನು ಇಳಿಯುವುದನ್ನು ನೋಡಬೇಕು.

ಮದುವೆಗೆ ಮಂಟಪ ಬೇಕೇ ಬೇಕು ಎಂದು ಯಾವ ಶಾಸ್ತ್ರ ಹೇಳಿದೆ? ಕಾನೂನಂತೂ ಹೇಳಿಲ್ಲ. 1955ರ ಹಿಂದೂ ವಿವಾಹ ಕಾಯ್ದೆಯ 7ನೆಯ ಕಲಮಿನಲ್ಲಿರುವುದು ಇಷ್ಟು: ವಧುವಿನ ಅಥವಾ ವರನ ಕಡೆಯ ರೂಢಿಯಂತೆ ವಿಧಿಗಳು ನಡೆಯಬೇಕು, ಆ ವಿಧಿಗಳಲ್ಲಿ ಸಪ್ತಪದಿ ಸೇರಿದ್ದರೆ ಏಳನೆಯ ಹೆಜ್ಜೆ ಇಟ್ಟಾಗ ಮದುವೆ ಪೂರ್ಣವಾಗುತ್ತದೆ. ಆ ಏಳು ಹೆಜ್ಜೆಗೆ ಎಷ್ಟು ಜಾಗ ಬೇಕು? ನಮ್ಮ ಅಡುಗೆಮನೆಯಲ್ಲೂ ಇಡಬಹುದು. 2024ರಲ್ಲಿ ನಮ್ಮವರೇ ಆದ ನ್ಯಾಯಮೂರ್ತಿ ಬಿ.ವಿ. ನಾಗರತ್ನ ಅವರಿದ್ದ ಸುಪ್ರೀಂ ಕೋರ್ಟಿನ ಪೀಠ, ಮದುವೆಯೆಂದರೆ ಹಾಡು ಕುಣಿತ, ಊಟ ಉಪಚಾರದ ಸಂದರ್ಭ ಮಾತ್ರವಲ್ಲ ಎಂಬರ್ಥದ ಮಾತನ್ನು ತೀರ್ಪಿನಲ್ಲಿ ಬರೆಯಿತು. ಅದಕ್ಕೂ ಬಹಳ ಹಿಂದೆ ಕುವೆಂಪು ಅವರು ಮಂತ್ರ ಮಾಂಗಲ್ಯದ ದಾರಿ ತೋರಿಸಿ, 1966ರಲ್ಲಿ ತಮ್ಮ ಮಗ ತೇಜಸ್ವಿಯವರ ಮದುವೆಯನ್ನೇ ಆ ಕ್ರಮದಲ್ಲಿ ನಡೆಸಿದರು. ಧರ್ಮಸ್ಥಳದಲ್ಲಿ 1972ರಿಂದ ಸಾಮೂಹಿಕ ವಿವಾಹ ನಡೆಯುತ್ತಿದೆ. ಸರಳ ಮದುವೆಗೆ ನಮ್ಮಲ್ಲಿ ಆದರ್ಶದ ಕೊರತೆಯಿಲ್ಲ.

2020ರ ಮೇ ತಿಂಗಳಲ್ಲಿ ಸರ್ಕಾರವೇ ಮದುವೆಗೆ ಐವತ್ತು ಜನಕ್ಕಿಂತ ಹೆಚ್ಚು ಸೇರಬಾರದು ಎಂದಾಗ ಏನಾಯಿತು? ನಮ್ಮ ಬೀದಿಯಲ್ಲೇ ಎರಡು ಮದುವೆಗಳು ಮನೆಯಂಗಳದಲ್ಲಿ ಆದವು. ಆ ಹುಡುಗಿಯರು ಈಗ ಮಕ್ಕಳನ್ನು ಶಾಲೆಗೆ ಕಳಿಸುತ್ತಿದ್ದಾರೆ. ಐವತ್ತು ಜನರೆದುರು ಕಟ್ಟಿದ ತಾಳಿ ಬಿಗಿ ಕಡಿಮೆಯೇನೂ ಆಗಿಲ್ಲ. ಆ ಎರಡು ವರ್ಷ ಕಳೆದದ್ದೇ ತಡ, ಅದೇ ಬೀದಿಯವರು ಸಾವಿರ ಕಾರ್ಡು ಹಂಚಲು ಶುರು ಮಾಡಿದರು. ಯಾಕೆಂದು ಕೇಳಿದರೆ ಒಬ್ಬ ಯಜಮಾನರು ಹೇಳಿದ ಮಾತು ಯೋಚಿಸುವಂಥದ್ದು: “ಮನೇಲಿ ಮಾಡೋಕೆ ನಮಗೂ ಆಸೆನೇ ಮೇಡಂ. ಆದ್ರೆ ನಿಂತು ಮಾಡೋರು ಯಾರಿದಾರೆ?”

ಪ್ರಶ್ನೆ ಇರುವುದೇ ಇಲ್ಲಿ. ಸರಳ ಮದುವೆಯ ಭಾಷಣ ಮಾಡುವವರು ಬೇಕಾದಷ್ಟಿದ್ದಾರೆ. ನಿಂತು ಮಾಡುವವರು ಇಲ್ಲ.

2023ರ ಬೇಸಿಗೆಯಲ್ಲಿ ನನ್ನ ತಂಗಿಯ ಮಗಳ ಮದುವೆ ನಿಶ್ಚಯವಾಯಿತು. ತಂಗಿಯ ಗಂಡ ತೀರಿಕೊಂಡು ಆರು ವರ್ಷವಾಗಿತ್ತು. ಹುಡುಗಿ ನರ್ಸು, ಮುಂದೆ ಓದಬೇಕೆಂದು ಸಂಬಳದಲ್ಲಿ ದುಡ್ಡು ಕೂಡಿಟ್ಟಿದ್ದಳು. ಮಂಟಪದ ಬಾಡಿಗೆ ವಿಚಾರಿಸಿಕೊಂಡು ಬಂದ ದಿನ ಅವಳೇ ಹೇಳಿದಳು: “ದೊಡ್ಡಮ್ಮ, ಒಂದೂವರೆ ದಿನಕ್ಕೆ ಒಂದೂವರೆ ಲಕ್ಷ ಕೊಟ್ಟು ಯಾರದೋ ಕಟ್ಟಡದಲ್ಲಿ ಯಾಕೆ ಮದುವೆ ಆಗಬೇಕು? ಆ ದುಡ್ಡಲ್ಲಿ ನನ್ನ ಎಂ.ಎಸ್ಸಿ. ಮೊದಲನೇ ವರ್ಷ ಮುಗಿಯುತ್ತೆ. ನಮ್ಮ ಹಿತ್ತಲು ಇಲ್ವಾ?” ಬೀಗರು ಹಾಸನದ ಕಡೆಯವರು, ಒಳ್ಳೆಯ ಜನ, ಒಪ್ಪಿದರು. ಮುನ್ನೂರು ಜನ, ಮೂರು ಲಕ್ಷ ರೂಪಾಯಿ. ಅದರ ಮೇಲೆ ಒಂದು ರೂಪಾಯಿ ಸಾಲ ಮಾಡುವುದಿಲ್ಲ ಎಂದು ತಂಗಿ ಗಟ್ಟಿಯಾಗಿ ಹೇಳಿಬಿಟ್ಟಳು. ಅಡುಗೆ, ಶಾಮಿಯಾನ, ನೀರು, ದೀಪ, ಓಲಗ ಎಲ್ಲವನ್ನೂ ಹೊಂದಿಸಿ ಕೊಡುವವರನ್ನು ಹುಡುಕುವ ಕೆಲಸ ನನ್ನ ಪಾಲಿಗೆ ಬಂತು.

ಮೊದಲನೆಯವರ ಕಚೇರಿಯಲ್ಲಿ ಏರ್ ಕಂಡಿಷನರ್ ಇತ್ತು. ಚಿತ್ರಗಳ ದೊಡ್ಡ ಪುಸ್ತಕ ತೆರೆದು ತೋರಿಸಿದರು. ಹಿತ್ತಲು ಎಂದೊಡನೆ “ಗಾರ್ಡನ್ ಥೀಮ್” ಎಂದರು. ನಾಲ್ಕು ಮುಕ್ಕಾಲು ಲಕ್ಷ, ಎಲ್ಲ ಸೇರಿ. ಯಾವುದಕ್ಕೆ ಎಷ್ಟು ಎಂದು ಕೇಳಿದೆ. ಪ್ಯಾಕೇಜಿನಲ್ಲಿ ಹಾಗೆ ಬಿಡಿಸಿ ಹೇಳುವ ಪದ್ಧತಿ ಇಲ್ಲವಂತೆ. ದಿನಸಿ ಅಂಗಡಿಯವನು “ಎಲ್ಲ ಸೇರಿ ಎರಡು ಸಾವಿರ ಕೊಡಿ, ಚೀಟಿ ಕೊಡುವುದಿಲ್ಲ” ಎಂದರೆ ನಾವು ಕೊಡುತ್ತೇವೆಯೇ?

ಎರಡನೆಯವರು ಬಿಡಿಸಿ ಹೇಳಲು ಸಿದ್ಧರಿದ್ದರು. ಅವರ ಶುಲ್ಕ ಒಟ್ಟು ಖರ್ಚಿನ ಶೇಕಡಾ 10. ಕೇಳಲು ನ್ಯಾಯವಾಗಿಯೇ ಕಾಣುತ್ತದೆ. ನಮ್ಮ ಶಾಲೆಯಲ್ಲಿ ಗಣಿತದ ಮೇಷ್ಟರು ರಜೆ ಹಾಕಿದ ದಿನ ನಾನು ಶೇಕಡಾ ಲೆಕ್ಕ ಮಾಡಿಸಿದ್ದಿದೆ. ಅದೇ ರೀತಿ ಇದನ್ನೂ ಬಿಡಿಸಿ ನೋಡೋಣ. ಮೂರು ಲಕ್ಷದಲ್ಲಿ ಮದುವೆ ಮುಗಿಸಿದರೆ ಅವರಿಗೆ 30,000. ಚಪ್ಪರಕ್ಕೆಂದು ಇಟ್ಟ 25,000ದ ಜಾಗದಲ್ಲಿ ಊಟಿ ಹೂವಿನ 1,25,000ದ ಮಂಟಪ ಬಂದರೆ ಅವರಿಗೆ ಮತ್ತೆ 10,000 ಹೆಚ್ಚು. ಕಷ್ಟಪಟ್ಟು ಚೌಕಾಸಿ ಮಾಡಿ ನಮಗೆ ಐವತ್ತು ಸಾವಿರ ಉಳಿಸಿಕೊಟ್ಟರೆ ಅವರ ಕೈಯಿಂದಲೇ 5,000 ಹೋಗುತ್ತದೆ. ಯಾವ ಮನುಷ್ಯ ತನ್ನ ಕೂಲಿ ತಾನೇ ಕಡಿಯಲು ಬೆವರು ಸುರಿಸುತ್ತಾನೆ? ಆ ಮನುಷ್ಯರು ಕೆಟ್ಟವರೆಂದು ನಾನು ಹೇಳುವುದಿಲ್ಲ. ಕೂಲಿಯ ಲೆಕ್ಕವೇ ಹಾಗೆ ಕಟ್ಟಿದೆ. ಬೇಲಿಯೇ ಎದ್ದು ಹೊಲ ಮೇಯಲಿ ಎಂದು ನಾವೇ ಕರಾರು ಬರೆದುಕೊಟ್ಟ ಹಾಗೆ.

ಮೂರನೆಯವರು ಇನ್ನೂ ಉದಾರಿಗಳು. “ನನಗೇನೂ ಕೊಡಬೇಡಿ ಮೇಡಂ, ನಿಮ್ಮ ಮನೆ ಮಗಳ ಮದುವೆ ಅಂದ್ರೆ ನಮ್ಮನೆ ಮದುವೆ ಇದ್ದ ಹಾಗೆ” ಎಂದರು. ಕಾಸು ಬೇಡವೆನ್ನುವ ವ್ಯಾಪಾರಿಯನ್ನು ಕಂಡರೆ ನನಗೆ ಮೊದಲಿಂದಲೂ ಅನುಮಾನ. ಅವರು ಗೊತ್ತು ಮಾಡಿದ ಅಡುಗೆಯವರು ಎಲೆಗೆ 220 ರೂಪಾಯಿ ಹೇಳಿದರು. ಅದೇ ಅಡುಗೆಯವರ ಮನೆಗೆ ನಾನೇ ಹೋಗಿ ಕೇಳಿದಾಗ, ಅದೇ ಪದಾರ್ಥಗಳಿಗೆ 190. ಎಲೆಗೆ ಮೂವತ್ತರಂತೆ ಮುನ್ನೂರು ಎಲೆಗೆ ಒಂಬತ್ತು ಸಾವಿರ. ಶಾಮಿಯಾನದವರಲ್ಲಿ ಇನ್ನೆಷ್ಟೋ, ಫೋಟೋದವರಲ್ಲಿ ಇನ್ನೆಷ್ಟೋ. ಪುಕ್ಕಟೆ ಪಾರುಪತ್ಯದಷ್ಟು ದುಬಾರಿ ಪಾರುಪತ್ಯ ಇನ್ನೊಂದಿಲ್ಲ.

ಒಬ್ಬರು ಲೆಕ್ಕವನ್ನೇ ತೋರಿಸುವುದಿಲ್ಲ, ಒಬ್ಬರಿಗೆ ನಮ್ಮ ಖರ್ಚು ಬೆಳೆದರೆ ಲಾಭ, ಒಬ್ಬರು ನಮ್ಮ ಕೆಲಸ ಮಾಡುತ್ತ ಕೂಲಿಯನ್ನು ಬೇರೆಯವರಿಂದ ಪಡೆಯುತ್ತಾರೆ. ಮಧ್ಯಮ ವರ್ಗದ ಮನೆಯವರು ಇವರಲ್ಲಿ ಯಾರ ಬಳಿ ಹೋದರೂ ಮೂರು ಲಕ್ಷದ ಮದುವೆ ಐದು ಲಕ್ಷವಾಗುತ್ತದೆ. ಆ ಎರಡು ಲಕ್ಷ ಎಲ್ಲಿಂದ ಬರುತ್ತದೆ ಎಂಬುದನ್ನು ನನ್ನಂಥ ಟೀಚರುಗಳು ತರಗತಿಯಲ್ಲಿ ಕಂಡಿದ್ದೇವೆ. ಅಕ್ಕನ ಮದುವೆಯ ವರ್ಷ ತಂಗಿ ಪಿ.ಯು.ಸಿ.ಗೆ ಸೇರುವುದಿಲ್ಲ. ಶುಲ್ಕ ಕಟ್ಟಲಿಲ್ಲವೇಕೆ ಎಂದು ಕೇಳಿದರೆ ಹುಡುಗಿ ತಲೆ ತಗ್ಗಿಸಿ “ಅಕ್ಕನ ಮದುವೆ ಇತ್ತು ಮಿಸ್” ಎನ್ನುತ್ತಾಳೆ. ಊಟಿ ಹೂವಿನ ಮಂಟಪದ ಬೆಲೆ ನನಗೆ ಗೊತ್ತಾಗುವುದು ಅಲ್ಲಿ.

ಇಷ್ಟು ಹೇಳಿದರೆ ಹಿರಿಯರೊಬ್ಬರು ಎದ್ದು, “ಹಿಂದೆ ಪ್ಲಾನರೂ ಇರಲಿಲ್ಲ, ಪ್ಯಾಕೇಜೂ ಇರಲಿಲ್ಲ. ಊರವರೇ ಸೇರಿ ಮಾಡುತ್ತಿದ್ದರು. ಇವತ್ತು ನಿಮ್ಮ ಮನೆ, ನಾಳೆ ನಮ್ಮ ಮನೆ, ಮುಯ್ಯಾಳು ಲೆಕ್ಕ” ಎಂದು ಕಣ್ಣು ತುಂಬಿಕೊಳ್ಳುತ್ತಾರೆ. ಅವರಿಗೆ ನನ್ನದೊಂದು ಸಣ್ಣ ಪ್ರಶ್ನೆ. ಊರವರು ಎಂದರೆ ಯಾರು? ಚಪ್ಪರ ಹಾಕಿದ್ದು ಗಂಡಸರು, ಒಪ್ಪೋಣ. ಅದು ಒಂದು ದಿನದ ಕೆಲಸ. ಸಂಜೆಗೆ ಚಪ್ಪರದ ಕೆಳಗೆ ಇಸ್ಪೀಟು. ಹದಿನೈದು ದಿನ ಮೊದಲಿಂದ ಅಕ್ಕಿ ಆರಿಸಿದವರು, ಮೆಣಸಿನಕಾಯಿ ಕುಟ್ಟಿದವರು, ಹಪ್ಪಳ ಒತ್ತಿದವರು, ಬಂದ ನೆಂಟರ ಮಕ್ಕಳ ಬಟ್ಟೆ ಒಗೆದವರು ಯಾರು? ಗಂಡು ಹೆಣ್ಣು ಹಸೆಗೆ ಕೂತಾಗ ಹಿತ್ತಲ ಬಾಗಿಲಲ್ಲಿ ಕೊಳಗ ತಿಕ್ಕುತ್ತಿದ್ದವರು ಯಾರು? ನನ್ನ ಮದುವೆಯ ಫೋಟೋಗಳಲ್ಲಿ ನನ್ನ ಚಿಕ್ಕಮ್ಮ ಇಲ್ಲ. ಮನೆಯಲ್ಲೇ ಇದ್ದರು, ಮೂರು ದಿನವೂ ಇದ್ದರು, ಉಗ್ರಾಣ ಬಿಟ್ಟು ಹೊರಬಂದಿರಲಿಲ್ಲ. ಆ ಕೆಲಸಕ್ಕೆ ಕೂಲಿ ಇರಲಿಲ್ಲ, ಹೆಸರೂ ಇರಲಿಲ್ಲ. ಅಗ್ಗದ ಮದುವೆ ಎಂದು ನೀವು ನೆನೆಯುವುದು ಈ ಹೆಂಗಸರ ಬಿಟ್ಟಿ ದುಡಿಮೆಯ ಮದುವೆ.

ಹಾಗಾಗಿ ಹಳೆಯದೇ ಬರಲಿ ಎಂದು ನಾನು ಕೇಳುವವಳಲ್ಲ. ಬರಲೂ ಬಾರದು. ಇಂದು ಮನೆಯ ಹೆಂಗಸರು ಶಾಲೆಗೆ, ಬ್ಯಾಂಕಿಗೆ, ಗಾರ್ಮೆಂಟ್ಸಿಗೆ ಹೋಗುವವರು. ಅವರಿಗೆ ಹದಿನೈದು ದಿನ ರಜೆ ಸಿಗುವುದಿಲ್ಲ, ಸಿಕ್ಕರೂ ಕೊಳಗ ತಿಕ್ಕುವುದಕ್ಕೆ ಅಲ್ಲ. ಮನೆಯಲ್ಲಿ ಮದುವೆ ಆಗಬೇಕು, ಮನೆಯ ಹೆಂಗಸರು ಅದನ್ನು ಕೂತು ನೋಡಬೇಕು. ಇವೆರಡೂ ಕೂಡಿಬರಬೇಕಾದರೆ ಕೂಲಿ ಪಡೆದು ಪಾರುಪತ್ಯ ಮಾಡುವವರು ಬೇಕೇ ಬೇಕು. ಪ್ಲಾನರ್ ಎಂಬ ಕಸುಬನ್ನು ನಾನು ವಿರೋಧಿಸುತ್ತಿಲ್ಲ. ಆ ಕಸುಬು ಉಳ್ಳವರ ಕಡೆಗೆ ಮಾತ್ರ ಮುಖ ಮಾಡಿ ಕೂತಿದೆಯಲ್ಲ ಎಂಬುದೇ ಜಗಳ.

ಅವರು ಮಾರುವುದು ಅಲಂಕಾರ. ಹಿತ್ತಲ ಮದುವೆಗೆ ಬೇಕಾದ ಪಾರುಪತ್ಯವೇ ಬೇರೆ. ಒಂದು ಶಾಮಿಯಾನ 18 ಅಡಿಗೆ 36 ಅಡಿ ಎಂದಿಟ್ಟುಕೊಳ್ಳಿ. ಒಂದು ಎಲೆಗೆ ಎರಡು ಅಡಿ ಅಗಲ ಬೇಕು. ನೂರು ಜನ ಒಂದು ಪಂಕ್ತಿಗೆ ಕೂರಬೇಕಾದರೆ ಇನ್ನೂರು ಅಡಿ ಮೇಜು, ಎಂದರೆ ಐವತ್ತು ಅಡಿಯ ನಾಲ್ಕು ಸಾಲು. ಸಾಲುಗಳ ನಡುವೆ ಸಾರಿನ ಬಕೆಟ್ಟು ಹಿಡಿದವನು ಓಡಾಡಬೇಕು. ಮೂರು ಪಂಕ್ತಿಯಲ್ಲಿ ಮುನ್ನೂರು ಜನರ ಊಟ ಮುಗಿಯಬೇಕಾದರೆ ಪಂಕ್ತಿಗೆ ಮುಕ್ಕಾಲು ಗಂಟೆ. ಕೈ ತೊಳೆಯುವ ನೀರು ಎಲ್ಲಿ, ಎಂಜಲೆಲೆ ಎತ್ತ ಹೋಗಬೇಕು, ವಯಸ್ಸಾದವರಿಗೆ ಪಾಯಿಖಾನೆ ಎಷ್ಟು ದೂರ? ಧ್ವನಿವರ್ಧಕವನ್ನು ರಾತ್ರಿ ಹತ್ತಕ್ಕೆ ನಿಲ್ಲಿಸಬೇಕೆಂದು 2000ದ ಶಬ್ದಮಾಲಿನ್ಯ ನಿಯಮ ಹೇಳುತ್ತದೆ; ನಿಲ್ಲಿಸುವವರು ಯಾರು?

ಎಲ್ಲಕ್ಕಿಂತ ದೊಡ್ಡದು ಬೆಂಕಿ. 1981ರ ಫೆಬ್ರುವರಿ 7ರಂದು ಬೆಂಗಳೂರಿನಲ್ಲಿ ವೀನಸ್ ಸರ್ಕಸ್ಸಿನ ಡೇರೆ ಹೊತ್ತಿ ಉರಿದು 90ಕ್ಕೂ ಹೆಚ್ಚು ಜನ ಸತ್ತರು. ಅವರಲ್ಲಿ ಬಹುಪಾಲು ಮಕ್ಕಳು. 2004ರ ಜನವರಿಯಲ್ಲಿ ತಮಿಳುನಾಡಿನ ಶ್ರೀರಂಗದ ಒಂದು ಕಲ್ಯಾಣ ಮಂಟಪದ ಮಹಡಿಯಲ್ಲಿ ಹಾಕಿದ್ದ ಗರಿಯ ಚಪ್ಪರಕ್ಕೆ ಬೆಂಕಿ ಬಿದ್ದು, ಮದುಮಗನೂ ಸೇರಿ 50 ಜನಕ್ಕಿಂತ ಹೆಚ್ಚು ತೀರಿಹೋದರು. ಗರಿಯೂ ಬಟ್ಟೆಯೂ ಬೆಂಕಿಗೆ ಹೆದರುವ ವಸ್ತುಗಳಲ್ಲ. ಅದರ ಕೆಳಗೆ ನಾವು ಹೋಮ ಮಾಡುತ್ತೇವೆ, ಹಿಂದೆ ಅಡುಗೆಯ ಒಲೆ ಹಚ್ಚುತ್ತೇವೆ, ಮೇಲೆ ತಂತಿ ಎಳೆದು ನೂರಾರು ದೀಪ ತೂಗುತ್ತೇವೆ. ಇನ್ನು ಕೆಲವು ಕಡೆ ಬೀದಿ ಕಂಬದಿಂದ ಕೊಕ್ಕೆ ಹಾಕಿ ಕರೆಂಟು ಎಳೆಯುವುದೂ ಉಂಟು. ನಾನು ಭೇಟಿಯಾದ ಮೂವರು ಪ್ಲಾನರುಗಳಲ್ಲಿ ಒಬ್ಬರಾದರೂ ನಿಮ್ಮ ಹಿತ್ತಲಿಂದ ಹೊರಹೋಗಲು ಎಷ್ಟು ದಾರಿ ಇದೆ ಎಂದು ಕೇಳಲಿಲ್ಲ. ಮಂಟಪದ ಹಿಂದಿನ ಪರದೆ ಗುಲಾಬಿಯೋ ನೇರಳೆಯೋ ಎಂದು ಮೂವರೂ ಕೇಳಿದರು.

ಆ ಪ್ರಶ್ನೆ ಕೇಳಿದವರು ಬೇರೊಬ್ಬರು. ಸಿಕ್ಕಿದ್ದು ನನ್ನ ಶಾಲೆಯಲ್ಲೇ. ನಮ್ಮ ಬಿಸಿಯೂಟದ ಮುಖ್ಯ ಅಡುಗೆಯಮ್ಮ ಹದಿನೆಂಟು ವರ್ಷದಿಂದ ಪ್ರತಿದಿನ ಇನ್ನೂರರ ಹತ್ತಿರ ಮಕ್ಕಳಿಗೆ ಗಂಟೆ ಹೊಡೆಯುವ ಹೊತ್ತಿಗೆ ಸರಿಯಾಗಿ ಅನ್ನ ಸಾರು ಇಳಿಸುವವರು. ನೂರು ಜನ ದೊಡ್ಡವರ ಊಟಕ್ಕೆ ಹತ್ತು ಹನ್ನೆರಡು ಕಿಲೋ ಅಕ್ಕಿ ಬೇಕು, ಎರಡು ಸಿಹಿ ಇದ್ದರೆ ಒಂದು ಕಿಲೋ ಕಡಿಮೆ ಸಾಕು ಎಂದು ಪುಸ್ತಕ ನೋಡದೆ ಹೇಳುವವರು. ಸ್ಟಾಫ್ ರೂಮಿನಲ್ಲಿ ನನ್ನ ಗೋಳು ಕೇಳಿ, “ನಾನೊಂದ್ಸಲ ಜಾಗ ನೋಡಲಾ ಟೀಚರೇ?” ಎಂದರು. ಭಾನುವಾರ ತಂಗಿಯ ಊರಿಗೆ ಬಂದು ಹಿತ್ತಲಲ್ಲಿ ನಿಂತು ತಲೆಯೆತ್ತಿ ನೋಡಿದವರು ಮೊದಲು ಕೇಳಿದ್ದು: “ಕಾಯಿ ಕೆಡವಿಸಿದೀರಾ?” ತೆಂಗಿನ ಮರದ ಕೆಳಗೆ ಮುನ್ನೂರು ತಲೆ ಕೂರಬೇಕಲ್ಲ! ನಾಲ್ಕು ದಿನ ಮುಂಚೆ ಕಾಯಿ, ಒಣಗರಿ ಎಲ್ಲ ಇಳಿಸಬೇಕು ಎಂದರು. ಎರಡನೆಯದು, “ಮಳೆ ಬಂದ್ರೆ ನೀರು ಎತ್ತ ಹರಿಯುತ್ತೆ?” ಮೂರನೆಯದು, “ಹಿಂದ್ಗಡೆ ಬೇಲೀಲಿ ಒಂದು ದಾರಿ ಬಿಡಿಸಿ. ಒಲೆ ಕಡೆ ಏನಾದ್ರೂ ಆದ್ರೆ ಎಲ್ರೂ ಮನೆ ಒಳಗಿಂದ್ಲೇ ಓಡಕಾಗಲ್ಲ.” ಏರ್ ಕಂಡಿಷನರ್ ಕೋಣೆಯಲ್ಲಿ ಹುಟ್ಟದ ಮೂರು ಪ್ರಶ್ನೆಗಳು ಬಿಸಿಲಲ್ಲಿ ಮೂರು ನಿಮಿಷದಲ್ಲಿ ಹುಟ್ಟಿದವು.

ಕೂಲಿಯ ಮಾತು ನೇರವಾಗಿಯೇ ಆಯಿತು. ಅವರಿಗೆ 15,000, ಜೊತೆಗೆ ಬರುವ ಇಬ್ಬರಿಗೆ ದಿನಕ್ಕೆ 800ರಂತೆ ಮೂರು ದಿನ. ಒಟ್ಟು 19,800. ಖರ್ಚು ಹೆಚ್ಚಾದರೂ ಅಷ್ಟೇ, ಕಡಿಮೆಯಾದರೂ ಅಷ್ಟೇ. ಯಾರಿಂದಲೂ ಕಮಿಷನ್ ಇಲ್ಲ. ನೂರು ಹಾಳೆಯ ಒಂದು ನೋಟ್‌ಬುಕ್ಕಿನಲ್ಲಿ ಎಡಕ್ಕೆ ಕೆಲಸ, ಬಲಕ್ಕೆ ದುಡ್ಡು. ಅಡುಗೆಗೆ 190ರವರೇ ಬಂದರು. ಶಾಮಿಯಾನದ ಸುತ್ತ ಗೇಣುದ್ದದ ಕಾಲುವೆ ತೋಡಿಸಿದರು. ಕೊಕ್ಕೆ ಬೇಡವೆಂದು ಅರ್ಜಿ ಹಾಕಿಸಿ ತಾತ್ಕಾಲಿಕ ಸಂಪರ್ಕ ಪಡೆದೆವು. ಹೋಮಕುಂಡದ ಹತ್ತಿರ ಎರಡು ಬಕೆಟ್ ಮರಳು. ಹಿಂದಿನ ದಿನ ಸಂಜೆ ಮಳೆ ಬಂತು. ನೀರು ಕಾಲುವೆ ಹಿಡಿದು ಬಾಳೆಗಿಡಕ್ಕೆ ಹೋಯಿತು. ಧಾರೆಯ ಹೊತ್ತಿಗೆ ನನ್ನ ತಂಗಿ ಮಗಳ ಪಕ್ಕದಲ್ಲೇ ಕೂತಿದ್ದಳು, ನಾನೂ ಕೂತಿದ್ದೆ. ಉಗ್ರಾಣದ ಬೀಗದ ಕೈ ಅಡುಗೆಯಮ್ಮನ ಸೊಂಟದಲ್ಲಿತ್ತು. ಲೆಕ್ಕ ಮೂರು ಲಕ್ಷದೊಳಗೆ ನಿಂತಿತು. ಹುಡುಗಿ ಆ ವರ್ಷವೇ ಎಂ.ಎಸ್ಸಿ.ಗೆ ಸೇರಿದಳು.

ಸುಲಭವಾಗಿ ಆಯಿತೆಂದು ಮಾತ್ರ ತಿಳಿಯಬೇಡಿ. ಉಗ್ರಾಣದ ಬೀಗದ ಕೈ ಯಾರ ಕೈಲಿದೆ ಎಂದು ಗೊತ್ತಾದಾಗ ನೆಂಟರಲ್ಲೊಬ್ಬರು ನನ್ನನ್ನು ಮೂಲೆಗೆ ಕರೆದು, “ಅವರು ಯಾವ ಜನ?” ಎಂದು ಕೇಳಿದರು. ಇದನ್ನು ಬರೆಯದೆ ಬಿಟ್ಟರೆ ಈ ಲೇಖನ ಅರ್ಧ ಸುಳ್ಳಾಗುತ್ತದೆ. 2002ರಲ್ಲಿ ಅಕ್ಷರ ದಾಸೋಹ ಶುರುವಾದ ಮೇಲೆ ಈ ರಾಜ್ಯದಲ್ಲಿ ಒಂದು ಇಡೀ ತಲೆಮಾರು ಶಾಲೆಯ ಅನ್ನ ಉಂಡು ಬೆಳೆದಿದೆ. ಎಲ್ಲ ಜಾತಿಯ ಮಕ್ಕಳೂ ಒಂದೇ ಸಾಲಿನಲ್ಲಿ ಕೂತು ಉಂಡಿದ್ದಾರೆ. ದಲಿತ ಹೆಂಗಸು ಅಡುಗೆಗೆ ನಿಂತಳೆಂದು ಮಕ್ಕಳನ್ನು ಊಟಕ್ಕೆ ಕಳಿಸದ ಊರುಗಳೂ ಇವೆ. ಆ ನಾಚಿಕೆಗೇಡೂ ನಮ್ಮದೇ. “ನಿಮ್ಮ ಮೊಮ್ಮಗ ಹೈಸ್ಕೂಲಿನ ಮೂರು ವರ್ಷ ಇವರು ಬಡಿಸಿದ್ದನ್ನೇ ಉಂಡದ್ದು. ಅವನ ಜಾತಿಗೆ ಏನಾಗಿದೆ, ನೋಡಿ ಹೇಳಿ” ಎಂದೆ. ಅವರು ಎರಡನೆಯ ಪಂಕ್ತಿಯಲ್ಲಿ ಕೂತು ಹೋಳಿಗೆ ಎರಡು ಬಾರಿ ಹಾಕಿಸಿಕೊಂಡರು. ವೆಡ್ಡಿಂಗ್ ಪ್ಲಾನರಿನ ಜಾತಿಯನ್ನು ಯಾರೂ ಕೇಳುವುದಿಲ್ಲ ಎಂಬುದನ್ನೂ ಗಮನಿಸಬೇಕು. ಇಂಗ್ಲಿಷಿನ ಹೆಸರಿಟ್ಟುಕೊಂಡರೆ ಜಾತಿ ಮಾಸುತ್ತದೆ. ಅಡುಗೆಯಮ್ಮ ಎಂಬ ಹೆಸರಿಟ್ಟುಕೊಂಡರೆ ಅಂಟಿಕೊಳ್ಳುತ್ತದೆ.

ನಾನು ಹೇಳಬೇಕಾದ ಮುಖ್ಯ ಮಾತು ಈಗ ಬಂತು. ಬಿಸಿಯೂಟದ ಅಡುಗೆಯವರಿಗೆ ಗೌರವಧನ ಕೊಡುವುದು ವರ್ಷಕ್ಕೆ ಹತ್ತು ತಿಂಗಳ ಲೆಕ್ಕದಲ್ಲಿ. ಬೇಸಿಗೆ ರಜೆ ಅವರ ಪಾಲಿಗೆ ಬರಿಗೈ. ನಮ್ಮ ಲಗ್ನಗಳು ದಟ್ಟವಾಗಿ ಬರುವುದೂ ಅದೇ ಏಪ್ರಿಲ್, ಮೇ ತಿಂಗಳಲ್ಲಿ. ಅತ್ತ ಮದುವೆ ನಿಂತು ಮಾಡುವವರು ಇಲ್ಲವೆಂದು ಅಳುವ ಮನೆಗಳು. ಇತ್ತ ನಿತ್ಯ ಇನ್ನೂರು ಜನಕ್ಕೆ ಬಡಿಸಿ ಪಳಗಿದ, ಎರಡು ತಿಂಗಳು ಕೆಲಸವಿಲ್ಲದ ಹೆಂಗಸರು. ಇವರಿಬ್ಬರನ್ನೂ ಯಾರೂ ಕೂಡಿಸಿಲ್ಲ. ಪ್ರತಿ ಊರಿನಲ್ಲೂ ಸ್ತ್ರೀಶಕ್ತಿ ಸಂಘವಿದೆ, ಅಲ್ಲಿ ಲೆಕ್ಕದ ಪುಸ್ತಕ ಬರೆಯಬಲ್ಲವರಿದ್ದಾರೆ. ಮೂರು ಜನರ ಒಂದೊಂದು ತಂಡ ಸಾಕು: ಅಡುಗೆ ಬಲ್ಲವರೊಬ್ಬರು, ಲೆಕ್ಕ ಬರೆಯುವವರೊಬ್ಬರು, ಸಾಮಾನು ಸಾಗಿಸಿ ಓಡಾಡುವವರೊಬ್ಬರು. ಸರ್ಕಾರ ಹೊಲಿಗೆಗೂ ಬ್ಯೂಟಿ ಪಾರ್ಲರಿಗೂ ತರಬೇತಿ ಕೊಡುತ್ತದೆ. ಚಪ್ಪರದ ಭದ್ರತೆ, ವಿದ್ಯುತ್ತು, ಬೆಂಕಿ, ಅಳತೆ, ಕರಾರು ಇವುಗಳ ಬಗ್ಗೆ ಇವರಿಗೊಂದು ವಾರದ ತರಬೇತಿ ಕೊಟ್ಟರೆ ಯಾವ ಖಜಾನೆಯೂ ಬರಿದಾಗುವುದಿಲ್ಲ.

“ನಿಮ್ಮ ಅಡುಗೆಯಮ್ಮನ ಹಾಗೆ ಎಲ್ಲರೂ ಇರುತ್ತಾರೆಯೇ?” ಎಂದು ಕೇಳುವವರಿದ್ದಾರೆ. ಇಲ್ಲ. ಒಳ್ಳೆಯ ಮೇಸ್ತ್ರಿಗಳೂ ಕೆಟ್ಟ ಮೇಸ್ತ್ರಿಗಳೂ ಇದ್ದಾರೆ, ಹಾಗೆಂದು ನಾವು ಮನೆ ಕಟ್ಟುವುದು ಬಿಟ್ಟಿದ್ದೇವೆಯೇ? “ಹಿತ್ತಲಲ್ಲಿ ಮಾಡಿದರೆ ಜನ ಏನಂದಾರು?” ಎನ್ನುವವರೂ ಇದ್ದಾರೆ. ಅಂದ ಜನ ಸಾಲದ ಕಂತು ಕಟ್ಟಲು ಬರುವುದಿಲ್ಲ. ಹಿತ್ತಲೇ ಇಲ್ಲದವರ ಗತಿಯೇನು ಎಂಬ ಪ್ರಶ್ನೆ ಮಾತ್ರ ನ್ಯಾಯವಾದದ್ದು. ಪಟ್ಟಣದಲ್ಲಿ ಎಷ್ಟೋ ಮನೆಗಳಿಗೆ ತುಳಸಿಕಟ್ಟೆ ಇಡುವಷ್ಟು ಜಾಗವಿಲ್ಲ. ಅಂಥವರಿಗೆ ಬೇಸಿಗೆ ರಜೆಯಲ್ಲಿ ಖಾಲಿ ಬೀಳುವ ಶಾಲೆಯ ಮೈದಾನವನ್ನು, ನೆಲ ಹಾಳು ಮಾಡದೆ ಗುಡಿಸಿ ಒಪ್ಪಿಸುವ ಕರಾರಿನ ಮೇಲೆ, ಕಡಿಮೆ ಬಾಡಿಗೆಗೆ ಕೊಡುವ ವಿಚಾರವನ್ನು ಶಾಲಾಭಿವೃದ್ಧಿ ಸಮಿತಿಗಳು ಚರ್ಚಿಸಲಿ. ಬಂದ ದುಡ್ಡಿನಲ್ಲಿ ಶಾಲೆಗೊಂದು ಪಾಯಿಖಾನೆಯಾದರೂ ರಿಪೇರಿಯಾದೀತು.

ಮದುವೆ ಮಾಡುವ ಮನೆಯವರಲ್ಲಿ ನನ್ನ ಕೋರಿಕೆ ಇಷ್ಟೇ. ಪಾರುಪತ್ಯಕ್ಕೆ ಯಾರನ್ನೇ ಕರೆಯಿರಿ, ಮುಂಗಡ ಕೊಡುವ ಮೊದಲು ನಾಲ್ಕು ಮಾತು ಬರೆಸಿಕೊಳ್ಳಿ: ಯಾವುದಕ್ಕೆ ಎಷ್ಟು ಎಂಬ ಬಿಡಿ ಲೆಕ್ಕ, ಶೇಕಡಾವಾರು ಬಿಟ್ಟು ನಿಗದಿಯಾದ ಕೂಲಿ, ಬೇರೆ ಯಾರಿಂದಲೂ ಕಮಿಷನ್ ಪಡೆಯುವುದಿಲ್ಲವೆಂಬ ಮಾತು, ಬೆಂಕಿಗೂ ಮಳೆಗೂ ಏನು ಏರ್ಪಾಡು ಎಂಬ ವಿವರ. ಬರೆದುಕೊಡಲು ಒಪ್ಪದವರ ಮನೆಯ ಕಾಫಿ ಕುಡಿದು, ಕೈಮುಗಿದು ಎದ್ದು ಬನ್ನಿ. ಒಪ್ಪಿದವರಿಗೆ ಚೌಕಾಸಿ ಮಾಡದೆ ಕೂಲಿ ಕೊಡಿ, ಮೊದಲ ಪಂಕ್ತಿಯಲ್ಲೇ ಅವರಿಗೂ ಎಲೆ ಹಾಕಿಸಿ. ಪ್ಲಾನರುಗಳಿಗೂ ಒಂದು ಮಾತು: ನಿಮ್ಮ ಪಟ್ಟಿಯಲ್ಲಿ ಮೂರು ಲಕ್ಷದ ಮದುವೆಗೂ ಒಂದು ಪುಟ ಇಡಿ. ನಮ್ಮ ಸೀಮೆಯಲ್ಲಿ ಅಂಥ ಮನೆಗಳೇ ಹೆಚ್ಚು. ನೀವು ಇಡದೆ ಹೋದರೆ ನಮ್ಮ ಅಡುಗೆಯಮ್ಮಂದಿರು ಇಡುತ್ತಾರೆ. ಅವರ ನೋಟ್‌ಬುಕ್ಕು ಆಗಲೇ ತೆರೆದಿದೆ.